ಓದುಗರ ಪ್ರಶ್ನೆ, ನಮ್ಮ ಉತ್ತರ: ಯಂತ್ರಕ್ಕೆ ಒಪ್ಪಿಸಿದ ನೆನಪುಗಳು

ಫೋಟೊ, ಪತ್ರ, ದಾಖಲೆ, ಲೆಕ್ಕ ಎಲ್ಲವೂ ಒಂದೇ ತಲೆಮಾರಿನೊಳಗೆ ಕಪಾಟಿನಿಂದ ಕಂಪ್ಯೂಟರಿಗೆ, ಅಲ್ಲಿಂದ ಮೊಬೈಲಿಗೆ ಹೋಗಿ ಕೂತಿವೆ. ಈ ಸಲ ಬಂದ ಪ್ರಶ್ನೆಗಳಲ್ಲಿ ಹೆಚ್ಚಿನವು ಇದರ ಸುತ್ತಲಿನವೇ ಆದ್ದರಿಂದ ಅವನ್ನೇ ಆರಿಸಿಕೊಂಡಿದ್ದೇವೆ.

ಪ್ರಶ್ನೆ: ಎಪ್ಪತ್ತು ವರ್ಷ ಹಿಂದಿನ ಕಪ್ಪು-ಬಿಳುಪು ಫೋಟೊ ಟ್ರಂಕಿನ ತಳದಲ್ಲಿ ಬಿದ್ದಿದ್ದರೂ ಮುಖ ಗುರುತು ಸಿಗುತ್ತದೆ. ಹತ್ತು ವರ್ಷದ ಹಿಂದೆ ಮೆಮೊರಿ ಕಾರ್ಡಿಗೆ ಹಾಕಿಟ್ಟ ಫೋಟೊಗಳಲ್ಲಿ ಕೆಲವು ತೆರೆಯುವುದೇ ಇಲ್ಲ, ಕೆಲವು ಅರ್ಧ ಬೂದು ಬಣ್ಣಕ್ಕೆ ತಿರುಗಿವೆ. ತಂತ್ರಜ್ಞಾನ ಮುಂದುವರಿದಂತೆ ಬಾಳಿಕೆ ಕಡಿಮೆಯಾಯಿತೇ?

ಉತ್ತರ: ಬಾಳಿಕೆಯ ಬಗೆಯೇ ಬದಲಾಯಿತು. ಕಾಗದದ ಫೋಟೊದ ಮೂಲೆಗೆ ಕಲೆ ಹತ್ತಿದರೆ ಆ ಮೂಲೆ ಮಾತ್ರ ಹೋಗುತ್ತದೆ, ಉಳಿದದ್ದನ್ನು ಕಣ್ಣು ಓದಿಕೊಳ್ಳುತ್ತದೆ. ಮೊಬೈಲು, ಕ್ಯಾಮೆರಾಗಳು ಸಾಮಾನ್ಯವಾಗಿ ಫೋಟೊ ಉಳಿಸುವ ಮಾದರಿಯಾದ ಜೆಪೆಗ್ ಫೈಲಿನಲ್ಲಿ ಹಾಗಲ್ಲ. ಅದು ಚಿತ್ರವನ್ನು ಅಡ್ಡಕ್ಕೆ 8, ಉದ್ದಕ್ಕೆ 8 ಚುಕ್ಕೆಗಳ ಪುಟ್ಟ ಚೌಕಗಳಾಗಿ ಒಡೆಯುತ್ತದೆ. ಪ್ರತಿ ಚೌಕದ ಸರಾಸರಿ ಹೊಳಪನ್ನು ನೇರವಾಗಿ ಬರೆದಿಡದೆ, ‘ಹಿಂದಿನ ಚೌಕಕ್ಕಿಂತ ಇಷ್ಟು ಹೆಚ್ಚು’ ಅಥವಾ ‘ಇಷ್ಟು ಕಡಿಮೆ’ ಎಂದು ವ್ಯತ್ಯಾಸವನ್ನಷ್ಟೇ ಬರೆಯುತ್ತದೆ. ಜಾಗ ಉಳಿಸುವುದಕ್ಕೆ ಇದು ಬಹಳ ಒಳ್ಳೆಯ ಉಪಾಯ. ಆದರೆ ನಡುವೆ ಒಂದು ಬಿಟ್ (ಸೊನ್ನೆ ಅಥವಾ ಒಂದು ಆಗಿರುವ, ಮಾಹಿತಿಯ ಅತಿ ಚಿಕ್ಕ ಅಂಶ) ಸೊನ್ನೆ ಇದ್ದದ್ದು ಒಂದಾದರೂ ಸಾಕು, ಅಲ್ಲಿಂದ ಮುಂದಿನ ಲೆಕ್ಕವೆಲ್ಲ ತಪ್ಪಬಹುದು. ಮೇಲರ್ಧ ಸರಿಯಿದ್ದು, ಕೆಳಗೆ ಬಣ್ಣ ಗುಲಾಬಿಯೋ ಹಸಿರೋ ಆಗಿ, ಚಿತ್ರ ಪಕ್ಕಕ್ಕೆ ಜರುಗಿದಂತೆ ಕಾಣುವುದು ಇದರಿಂದಲೇ. ಬೂದು ಬಣ್ಣ ಬಂದರೆ ಅಲ್ಲಿಂದಾಚೆ ಓದಲು ಏನೂ ಸಿಕ್ಕಿಲ್ಲ ಎಂದರ್ಥ.

ಇನ್ನೊಂದು ತೊಂದರೆ, ಫೈಲು ಚೆನ್ನಾಗಿದ್ದರೂ ಓದುವ ಯಂತ್ರವೇ ಇಲ್ಲದಿರುವುದು. ಇಂಗ್ಲೆಂಡಿನಲ್ಲಿ 1086ರಲ್ಲಿ ಚರ್ಮದ ಹಾಳೆಗಳ ಮೇಲೆ ಬರೆಸಿದ ಡೂಮ್ಸ್‌ಡೇ ಭೂದಾಖಲೆಯನ್ನು ಇವತ್ತಿಗೂ ಓದಬಹುದು. ಅದರ 900ನೇ ವರ್ಷದ ನೆನಪಿಗೆ ಬಿಬಿಸಿ 1986ರಲ್ಲಿ ಅಂಥದ್ದೇ ಹೊಸ ದಾಖಲೆಯನ್ನು ಲೇಸರ್ ಡಿಸ್ಕಿನಲ್ಲಿ ಸಿದ್ಧಪಡಿಸಿತು. 2002ರ ಹೊತ್ತಿಗೆ ಆ ಡಿಸ್ಕ್ ಓದುವ ಯಂತ್ರ ಸಿಗುವುದೇ ದುಸ್ತರವಾಗಿತ್ತು. ಲೀಡ್ಸ್ ಮತ್ತು ಮಿಷಿಗನ್ ವಿಶ್ವವಿದ್ಯಾಲಯಗಳ ಸಂಶೋಧಕರು ಹಳೆಯ ಕಂಪ್ಯೂಟರನ್ನು ಅನುಕರಿಸುವ ತಂತ್ರಾಂಶ ಬರೆದು ಅದನ್ನು ಮತ್ತೆ ತೆರೆಯುವಂತೆ ಮಾಡಬೇಕಾಯಿತು. ಕಾಗದವನ್ನು ಒಣ ಜಾಗದಲ್ಲಿ ಮುಟ್ಟದೆ ಇಟ್ಟರೆ ಉಳಿಯುತ್ತದೆ. ಫೈಲನ್ನು ಆಗಾಗ ಮುಟ್ಟುತ್ತ, ಹೊಸ ಜಾಗಕ್ಕೆ ನಕಲು ಮಾಡುತ್ತ ಇದ್ದರೆ ಮಾತ್ರ ಉಳಿಯುತ್ತದೆ. ಕೆಳಗಿನ ಉತ್ತರಗಳೆಲ್ಲ ಈ ಒಂದು ಮಾತಿನ ಮೇಲೆಯೇ ನಿಂತಿವೆ.

ನಿಮ್ಮ ಕಾರ್ಡಿನ ವಿಷಯ: ಅದಕ್ಕೆ ಇನ್ನು ಏನನ್ನೂ ಬರೆಯಬೇಡಿ, ಫಾರ್ಮ್ಯಾಟ್ ಮಾಡಬೇಡಿ. ಮೊದಲು ಇಡೀ ಕಾರ್ಡಿನ ಪಡಿಯಚ್ಚನ್ನು ಒಂದು ಇಮೇಜ್ ಫೈಲಾಗಿ ಕಂಪ್ಯೂಟರಿಗೆ ಇಳಿಸಿಕೊಳ್ಳಿ. ಆಮೇಲೆ ಫೋಟೊರೆಕ್‌ನಂಥ ಉಚಿತ ತಂತ್ರಾಂಶವನ್ನು ಆ ಪಡಿಯಚ್ಚಿನ ಮೇಲೆ ಓಡಿಸಿ, ಕಾರ್ಡಿನ ಮೇಲಲ್ಲ. ಸಾಯುತ್ತಿರುವ ಕಾರ್ಡನ್ನು ಮತ್ತೆ ಮತ್ತೆ ಓದಿಸಿದರೆ ಉಳಿದದ್ದೂ ಹೋದೀತು.

ಪ್ರಶ್ನೆ: ಪೆನ್ ಡ್ರೈವ್, ಸಿಡಿ, ಹಾರ್ಡ್ ಡಿಸ್ಕ್, ಎಸ್‌ಎಸ್‌ಡಿ ಇವುಗಳಲ್ಲಿ ಹೆಚ್ಚು ದಿನ ನಂಬಬಹುದಾದದ್ದು ಯಾವುದು?

ಉತ್ತರ: ಒಂದನ್ನೇ ನಂಬುವುದಾದರೆ ಯಾವುದೂ ಅಲ್ಲ. ಆದರೆ ಕೆಡುವ ರೀತಿ ಒಂದೊಂದರದೂ ಬೇರೆ, ಅದು ಗೊತ್ತಿರಬೇಕು.

ಪೆನ್ ಡ್ರೈವ್, ಮೆಮೊರಿ ಕಾರ್ಡ್, ಎಸ್‌ಎಸ್‌ಡಿ ಮೂರೂ ಫ್ಲ್ಯಾಶ್ ಜಾತಿಯವು. ಮಾಹಿತಿ ಕುಳಿತಿರುವುದು ಕಣ್ಣಿಗೆ ಕಾಣದ ಕೋಶಗಳಲ್ಲಿ ಹಿಡಿದಿಟ್ಟ ವಿದ್ಯುದಂಶವಾಗಿ. ಸಣ್ಣ ತೂತಿನ ಕೊಡದಂತೆ ಅದು ನಿಧಾನಕ್ಕೆ ಸೋರುತ್ತದೆ, ಬಿಸಿಯಿದ್ದರೆ ಬೇಗ ಸೋರುತ್ತದೆ. ಈಗಿನ ಅಗ್ಗದ ಎಸ್‌ಎಸ್‌ಡಿಗಳಲ್ಲಿ ಒಂದೇ ಕೋಶದಲ್ಲಿ ನಾಲ್ಕು ಬಿಟ್ ಇಡುತ್ತಾರೆ. ಅಂದರೆ ವಿದ್ಯುದಂಶದ 16 ಮಟ್ಟಗಳನ್ನು ಬೇರೆ ಬೇರೆಯಾಗಿ ಗುರುತಿಸಬೇಕು, ಸ್ವಲ್ಪ ಸೋರಿದರೂ ಒಂದು ಮಟ್ಟ ಇನ್ನೊಂದಾಗಿ ಕಾಣುತ್ತದೆ. ಉದ್ಯಮದ ಮಾನದಂಡದ ಪ್ರಕಾರ, ಬರೆದು ಬರೆದು ಆಯುಸ್ಸು ಮುಗಿದ ಸಾಮಾನ್ಯ ಎಸ್‌ಎಸ್‌ಡಿ ವಿದ್ಯುತ್ತಿಲ್ಲದೆ 30 ಡಿಗ್ರಿ ಸೆಲ್ಸಿಯಸ್‌ನಲ್ಲಿ ಒಂದು ವರ್ಷ ಮಾಹಿತಿ ಹಿಡಿದಿಟ್ಟರೆ ಸಾಕು. ಹೊಸದು ಇದಕ್ಕಿಂತ ಎಷ್ಟೋ ಹೆಚ್ಚು ಕಾಲ ಹಿಡಿಯುತ್ತದೆ, ನಿಜ. ಆದರೂ ಬೀರುವಿನಲ್ಲಿಟ್ಟು ಮರೆಯುವ ವಸ್ತು ಅದಲ್ಲ. ಪೆನ್ ಡ್ರೈವ್ ಇರುವುದು ಒಯ್ಯುವುದಕ್ಕೆ, ಕೂಡಿಡುವುದಕ್ಕಲ್ಲ.

ಬರೆಯಬಹುದಾದ ಸಿಡಿಯಲ್ಲಿ ಮಾಹಿತಿ ಬಣ್ಣದ ಒಂದು ತೆಳು ಪದರದಲ್ಲಿರುತ್ತದೆ, ಬಿಸಿಲು ಅದನ್ನು ತಿನ್ನುತ್ತದೆ. ಹೆಚ್ಚಿನವರು ಹೊಳೆಯುವ ಬದಿಗೆ ಗೀಚಾಗದಂತೆ ನೋಡಿಕೊಂಡು ಹೆಸರು ಬರೆಯುವ ಬದಿಯನ್ನು ಅಲಕ್ಷಿಸುತ್ತಾರೆ. ಸಿಡಿಯಲ್ಲಿ ಪ್ರತಿಫಲಿಸುವ ಪದರ ಇರುವುದು ಆ ಹೆಸರಿನ ಬದಿಯಲ್ಲೇ, ತೆಳುವಾದ ಮೆರುಗೆಣ್ಣೆಯ ಅಡಿಗೆ. ಬಾಲ್ ಪೆನ್ನಿನ ಮೊನೆ ಅದನ್ನು ನೇರ ಹಾಳುಮಾಡುತ್ತದೆ. ಡಿವಿಡಿಯಲ್ಲಿ ಪದರ ಎರಡು ಬಿಲ್ಲೆಗಳ ನಡುವೆ ಇರುವುದರಿಂದ ಈ ಭಯ ಕಡಿಮೆ.

ಮನೆಯ ಮಟ್ಟಿಗೆ ದೊಡ್ಡ ಸಂಗ್ರಹಕ್ಕೆ ಯುಎಸ್‌ಬಿ ಹಾರ್ಡ್ ಡಿಸ್ಕೇ ವಾಸಿ. ಅದು ಯಾಂತ್ರಿಕ ವಸ್ತು, ಓದುವ ತಲೆ ತಿರುಗುವ ತಟ್ಟೆಯ ಮೇಲೆ ಕೆಲವೇ ನ್ಯಾನೊಮೀಟರ್ ಎತ್ತರದಲ್ಲಿ ತೇಲುತ್ತಿರುತ್ತದೆ. ಓಡುತ್ತಿರುವಾಗ ಕೈತಪ್ಪಿ ಬಿದ್ದರೆ ಕತೆ ಮುಗಿಯಿತು. ‘ಟಕ್, ಟಕ್’ ಎಂದು ಒಂದೇ ಲಯದಲ್ಲಿ ಸದ್ದು ಬಂದರೆ ತಲೆ ತನ್ನ ಜಾಗ ಹುಡುಕಿ ಸಿಗದೆ ಹಿಂದಿರುಗುತ್ತಿದೆ ಎಂದು ತಿಳಿಯಿರಿ. ಕೂಡಲೇ ವಿದ್ಯುತ್ ತೆಗೆಯಿರಿ. ಬಿಚ್ಚಿ ನೋಡುವುದು, ಫ್ರಿಜ್ಜಿನಲ್ಲಿಟ್ಟು ತೆಗೆಯುವುದು ಯಾವುದೂ ಬೇಡ. ದೂಳಿನ ಒಂದು ಕಣ ತಟ್ಟೆಯ ಮೇಲೆ ಕೂತರೂ ತಜ್ಞರ ಕೈಗೆ ಸಿಗಬಹುದಾಗಿದ್ದದ್ದೂ ಸಿಗದಾಗುತ್ತದೆ. ಸದ್ದು ಬರುವ ಮೊದಲೇ ತಿಳಿಯಬೇಕೆಂದರೆ ಡಿಸ್ಕ್ ತನ್ನ ಆರೋಗ್ಯದ ಬಗ್ಗೆ ತಾನೇ ಕೊಡುವ ‘ಸ್ಮಾರ್ಟ್’ ವರದಿ ನೋಡಿ. ಅದರಲ್ಲಿ ಕೆಟ್ಟದ್ದರಿಂದ ಬದಲಿ ಜಾಗಕ್ಕೆ ಸಾಗಿಸಿದ ಸೆಕ್ಟರುಗಳ (ಡಿಸ್ಕಿನ ಚಿಕ್ಕ ತುಣುಕುಗಳ) ಮತ್ತು ಓದಲಾಗದೆ ಬಾಕಿ ಉಳಿದ ಸೆಕ್ಟರುಗಳ ಲೆಕ್ಕ ಸೊನ್ನೆಯಿದ್ದರೆ ಸರಿ. ಏರುತ್ತ ಹೋದರೆ ಅವತ್ತೇ ನಕಲು ತೆಗೆದು ಹೊಸ ಡಿಸ್ಕಿಗೆ ಹೋಗಿ.

ಪ್ರಶ್ನೆ: ಎಲ್ಲ ಫೋಟೊಗಳೂ ಕ್ಲೌಡಿನಲ್ಲಿವೆ ಎಂದು ನಂಬಿ ಜಾಗ ಮಾಡಲು ಮೊಬೈಲಿನಿಂದ ಅಳಿಸಿದೆ. ಕ್ಲೌಡಿನಲ್ಲೂ ಹೋದವು. ತಪ್ಪಾದದ್ದು ಎಲ್ಲಿ?

ಉತ್ತರ: ನಿಮ್ಮಲ್ಲಿದ್ದದ್ದು ಸಿಂಕ್, ಬ್ಯಾಕಪ್ ಅಲ್ಲ. ಸಿಂಕ್ ಎಂದರೆ ಕನ್ನಡಿ, ಇಲ್ಲಿ ಅಳಿಸಿದರೆ ಅಲ್ಲಿಯೂ ಅಳಿಯುತ್ತದೆ. ಹಾಗೆ ಅಳಿಯುವುದೇ ಅದರ ಕೆಲಸ. ಮೊದಲು ಕಸದ ಬುಟ್ಟಿ ನೋಡಿ. ಗೂಗಲ್ ಫೋಟೋಸ್‌ನಲ್ಲಿ ಕ್ಲೌಡಿಗೆ ಏರಿದ್ದ ಚಿತ್ರಗಳು ಅಳಿಸಿದ ಮೇಲೂ 60 ದಿನ, ಐಫೋನಿನಲ್ಲಿ 30 ದಿನ ಉಳಿದಿರುತ್ತವೆ. ಜಾಗವಷ್ಟೇ ಬೇಕಿದ್ದರೆ ಆ್ಯಪಿನಲ್ಲೇ ಇರುವ, ಸಾಧನದ ಪ್ರತಿಯನ್ನು ಮಾತ್ರ ತೆಗೆಯುವ ಆಯ್ಕೆ ಬಳಸಬೇಕು.

ಬ್ಯಾಕಪ್ಪಿಗೆ ವೃತ್ತಿಪರರು ಬಳಸುವ ಸೂತ್ರ 3-2-1: ಒಟ್ಟು ಮೂರು ಪ್ರತಿ, ಎರಡು ಬಗೆಯ ಮಾಧ್ಯಮ, ಅದರಲ್ಲಿ ಒಂದು ಪ್ರತಿ ಬೇರೆ ಕಟ್ಟಡದಲ್ಲಿ. ಮಾಡುವ ಕ್ರಮ ಹೀಗೆ. ಮೊಬೈಲು, ಲ್ಯಾಪ್‌ಟಾಪು, ಹಳೆಯ ಪೆನ್ ಡ್ರೈವುಗಳಲ್ಲಿ ಚದುರಿರುವುದನ್ನೆಲ್ಲ ಕಂಪ್ಯೂಟರಿನ ಒಂದೇ ಫೋಲ್ಡರಿಗೆ ತನ್ನಿ, ಅದು ಮೂಲ. ಅದರ ಗಾತ್ರದ ಎರಡರಷ್ಟಾದರೂ ಜಾಗವಿರುವ ಹಾರ್ಡ್ ಡಿಸ್ಕಿಗೆ ನಕಲು ಮಾಡಿ. ವಿಂಡೋಸ್, ಮ್ಯಾಕ್ ಎರಡರಲ್ಲೂ ಓದಿಸಬೇಕಿದ್ದರೆ ಡಿಸ್ಕನ್ನು ಎಕ್ಸ್‌ಫ್ಯಾಟ್ ಮಾದರಿಯಲ್ಲಿ ಫಾರ್ಮ್ಯಾಟ್ ಮಾಡಿರಬೇಕು. ನಕಲು ಮುಗಿದ ಮೇಲೆ ‘ಇಜೆಕ್ಟ್’ ಒತ್ತಿಯೇ ತಂತಿ ಕೀಳಿ. ಪರದೆಯ ಮೇಲೆ ಮುಗಿಯಿತೆಂದು ಕಂಡರೂ ಕೊನೆಯ ಭಾಗ ಇನ್ನೂ ಕಂಪ್ಯೂಟರಿನ ಸ್ಮೃತಿಯಲ್ಲೇ ಸರದಿಯಲ್ಲಿರಬಹುದು. ಆಮೇಲೆ ಡಿಸ್ಕನ್ನು ಬಿಚ್ಚಿಯೇ ಇಡಿ. ಫೈಲುಗಳಿಗೆ ಬೀಗ ಜಡಿದು ಹಣ ಕೇಳುವ ರಾನ್ಸಮ್‌ವೇರ್ ಹೊಕ್ಕಾಗ ಕಂಪ್ಯೂಟರಿಗೆ ಸಿಕ್ಕಿಸಿಟ್ಟ ಡಿಸ್ಕನ್ನೂ ಬಿಡುವುದಿಲ್ಲ. ಮೂರನೆಯ ಪ್ರತಿ ಕ್ಲೌಡಿನಲ್ಲಿರಲಿ, ಅಥವಾ ಇನ್ನೊಂದು ಡಿಸ್ಕಿನಲ್ಲಿ ನೆಂಟರ ಮನೆಯಲ್ಲಿರಲಿ. ಬೆಂಕಿ, ನೀರು, ಕಳವು ಇವು ಒಂದೇ ಮನೆಯ ಎರಡು ಡಿಸ್ಕುಗಳನ್ನು ಒಟ್ಟಿಗೇ ಕೊಂಡೊಯ್ಯುತ್ತವೆ.

ಹೆಚ್ಚಿನವರು ಬಿಡುವ ಹೆಜ್ಜೆ ಇನ್ನೊಂದಿದೆ, ನಾವು ಒತ್ತಿ ಹೇಳುವುದು ಇದನ್ನೇ: ವಾಪಸ್ ತೆಗೆದು ನೋಡುವುದು. ಮೂಲದಲ್ಲೂ ನಕಲಿನಲ್ಲೂ ಫೈಲುಗಳ ಸಂಖ್ಯೆ ಮತ್ತು ಒಟ್ಟು ಬೈಟುಗಳು ಸರಿಹೊಂದುತ್ತವೆಯೇ ನೋಡಿ. ಮೂರು ತಿಂಗಳಿಗೊಮ್ಮೆ ಬೇರೆ ಬೇರೆ ಫೋಲ್ಡರುಗಳಿಂದ ಹತ್ತು ಫೈಲು ತೆರೆಯಿರಿ, ಒಂದೆರಡು ವಿಡಿಯೊ ಕೊನೆಯವರೆಗೆ ಓಡಿಸಿ. 2017ರ ಜನವರಿ 31ರಂದು, ತಂತ್ರಾಂಶ ಬರೆಯುವವರ ಕೋಡ್ ಇಟ್ಟುಕೊಡುವ ಗಿಟ್‌ಲ್ಯಾಬ್ ಕಂಪನಿಯ ಎಂಜಿನಿಯರೊಬ್ಬರು ತಪ್ಪು ಸರ್ವರಿನಲ್ಲಿ ಡೇಟಾಬೇಸ್ ಅಳಿಸಿದಾಗ, ಇದ್ದ ಐದು ಬಗೆಯ ಬ್ಯಾಕಪ್, ನಕಲು ವ್ಯವಸ್ಥೆಗಳಲ್ಲಿ ಒಂದೂ ನೆಚ್ಚುವಂತಿರಲಿಲ್ಲ. ಆರು ಗಂಟೆ ಮೊದಲು ಅಕಸ್ಮಾತ್ತಾಗಿ ಕೈಯಾರೆ ತೆಗೆದಿಟ್ಟಿದ್ದ ಒಂದು ಪ್ರತಿ ಅವರನ್ನು ಕಾಪಾಡಿತು. ಆ ನಡುವಿನ ಸುಮಾರು ಆರು ಗಂಟೆಯ ಮಾಹಿತಿ ಹೋಯಿತು. ಪರಿಣತರ ಪಾಡೇ ಹೀಗಾದಾಗ, ತೆರೆದು ನೋಡದ ಬ್ಯಾಕಪ್ಪನ್ನು ಬ್ಯಾಕಪ್ ಎಂದು ಎಣಿಸಲೇಬಾರದು.

ಪ್ರಶ್ನೆ: ವಾಟ್ಸಾಪಿನಲ್ಲಿ ಬಂದ ಫೋಟೊವನ್ನು ದೊಡ್ಡದಾಗಿ ಅಚ್ಚು ಹಾಕಿಸಿದರೆ ಮಸುಕು. ಪರದೆಯಲ್ಲಿ ಚೆನ್ನಾಗಿಯೇ ಇತ್ತಲ್ಲ?

ಉತ್ತರ: ಕಳಿಸುವಾಗ ಚಿತ್ರ ಕುಗ್ಗುತ್ತದೆ. 4000 ಚುಕ್ಕೆ ಅಗಲವಿದ್ದದ್ದು ಸಾಮಾನ್ಯ ಗುಣಮಟ್ಟದಲ್ಲಿ 1600ರ ಆಸುಪಾಸಿಗೆ ಇಳಿಯುತ್ತದೆ. ಅಚ್ಚಿಗೆ ಇಂಚಿಗೆ 300 ಚುಕ್ಕೆ ಬೇಕು ಎಂದರೆ 1600 ಚುಕ್ಕೆ ಐದೂವರೆ ಇಂಚು ದಾಟುವುದಿಲ್ಲ. ಜೊತೆಗೆ, ತೆಗೆದ ದಿನಾಂಕ, ಸಮಯ, ಕ್ಯಾಮೆರಾ ವಿವರ ಫೈಲಿನೊಳಗಿಂದ ಮಾಯವಾಗುತ್ತವೆ. ಸಂಗ್ರಹಕ್ಕೆ ದೊಡ್ಡ ನಷ್ಟ ಇದೇ. ವರ್ಷದ ಮೇಲೆ ವಿಂಗಡಿಸಲು ಹೋದರೆ ಎಲ್ಲವೂ ‘ಬಂದ ದಿನ’ದಲ್ಲಿ ಗುಂಪುಗೂಡುತ್ತವೆ. ‘ಡಾಕ್ಯುಮೆಂಟ್’ ಆಗಿ ಕಳಿಸಲು ಹೇಳಿ, ಆಗ ಫೈಲು ಇದ್ದಂತೆಯೇ ಬರುತ್ತದೆ.

ಪ್ರಶ್ನೆ: ಆಲ್ಬಮ್ಮಿನ ಹಳೆಯ ಫೋಟೊಗಳನ್ನು ಸ್ಕ್ಯಾನ್ ಮಾಡಬೇಕು. ಎಷ್ಟು ಡಿಪಿಐ (ಇಂಚಿಗೆ ಎಷ್ಟು ಚುಕ್ಕೆ)? ಮೊಬೈಲಿನಲ್ಲಿ ತೆಗೆದರೆ ಸಾಲದೇ?

ಉತ್ತರ: ಯಾರಿಗೋ ತೋರಿಸಲು ಮೊಬೈಲ್ ಸಾಕು. ಉಳಿಸಿಡಲು ಸ್ಕ್ಯಾನರೇ ಬೇಕು, ಏಕೆಂದರೆ ಮೊಬೈಲ್ ತಾನೇ ಬಣ್ಣ ತಿದ್ದಿ, ಮುಖ ನುಣುಪಾಗಿಸಿ, ಅಂಚು ಬಾಗಿಸಿ ಕೊಡುತ್ತದೆ. 4×6 ಇಂಚಿನ ಪ್ರತಿಗೆ 600 ಡಿಪಿಐ ಇಟ್ಟರೆ 2400×3600 ಚುಕ್ಕೆ, ಅಂದರೆ ಸುಮಾರು 86 ಲಕ್ಷ ಚುಕ್ಕೆ ಸಿಗುತ್ತವೆ. ಅದಕ್ಕಿಂತ ಏರಿಸಿದರೆ ಕಾಗದದ ನಾರಷ್ಟೇ ದೊಡ್ಡದಾಗಿ ಕಾಣುತ್ತದೆ. ಪಾಸ್‌ಪೋರ್ಟ್ ಅಳತೆಯ ಚಿಕ್ಕ ಚಿತ್ರಕ್ಕೆ 1200 ಇರಲಿ. ನೆಗೆಟಿವ್ ಸಿಕ್ಕರೆ ಅದೇ ಮೂಲ, ಮೊದಲು ಅದನ್ನು ಹುಡುಕಿ. 35 ಮಿಲಿಮೀಟರ್ ಫಿಲ್ಮಿನ ಚೌಕಟ್ಟು 36×24 ಮಿಲಿಮೀಟರ್ ಮಾತ್ರ ಇರುವುದರಿಂದ 3000 ಡಿಪಿಐ ಬೇಕಾಗುತ್ತದೆ.

ಸ್ಕ್ಯಾನರಿನ ಗಾಜನ್ನು ನುಣುಪು ಬಟ್ಟೆಯಿಂದ ಒರೆಸಿ. ಫೋಟೊದ ಮೇಲಿನ ದೂಳನ್ನು ರಬ್ಬರ್ ಉಂಡೆಯ ಊದುಗದಿಂದ ಹಾರಿಸಿ, ಬಾಯಿಂದ ಊದಬೇಡಿ, ಉಗುಳಿನ ಹನಿ ಅಚ್ಚೊತ್ತಿಬಿಡುತ್ತದೆ. ಅಂಟಿಕೊಂಡ ಪುಟದಿಂದ ಕೀಳಲು ಹೋಗದೆ ಪುಟ ಸಮೇತ ಸ್ಕ್ಯಾನ್ ಮಾಡಿ. ತಂತ್ರಾಂಶದ ‘ತಾನಾಗಿ ತಿದ್ದು’ ಆಯ್ಕೆಗಳನ್ನೆಲ್ಲ ಆಫ್ ಮಾಡಿ, ವಿವರ ಕಳೆಯದೆ ಚಿತ್ರ ಉಳಿಸುವ ಟಿಫ್ ಮಾದರಿಯಲ್ಲಿ ಉಳಿಸಿ. ತಿದ್ದುಪಡಿಯನ್ನು ಬೇರೆ ಜೆಪೆಗ್ ಪ್ರತಿಯಲ್ಲಿ ಮಾಡಿ. ಫೋಟೊದ ಬೆನ್ನನ್ನೂ ಸ್ಕ್ಯಾನ್ ಮಾಡಿ, ಹೆಸರು, ತಾರೀಖು, ಸ್ಟುಡಿಯೊದ ಮೊಹರು ಇರುವುದು ಅಲ್ಲೇ.

ಪ್ರಶ್ನೆ: ಮನೆಯಲ್ಲಿ ಮೂವತ್ತು ಸಾವಿರ ಫೋಟೊ ಇವೆ. ಇಷ್ಟನ್ನೂ ಇಟ್ಟುಕೊಳ್ಳಬೇಕೇ?

ಉತ್ತರ: ಬೇಕಿಲ್ಲ. ಫಿಲ್ಮ್ ರೋಲಿನಲ್ಲಿ 36 ಚಿತ್ರ ಮಾತ್ರ ಇದ್ದಾಗ ಆಯ್ಕೆ ತೆಗೆಯುವ ಮುಂಚೆಯೇ ಆಗುತ್ತಿತ್ತು. ಈಗ ತೆಗೆದ ಮೇಲೆ ಆಗಬೇಕು, ಆದರೆ ಯಾರೂ ಮಾಡುವುದಿಲ್ಲ. ಹೆಸರಿಲ್ಲದ ಮೂವತ್ತು ಸಾವಿರ ಚಿತ್ರಗಳಿಗಿಂತ ಹೆಸರಿರುವ ಮುನ್ನೂರು ಮುಂದಿನವರಿಗೆ ಹೆಚ್ಚು ಬೆಲೆಯವು ಎಂಬುದು ನಮ್ಮ ಖಚಿತ ಅಭಿಪ್ರಾಯ. ವರ್ಷಕ್ಕೆ ನೂರು ಆರಿಸಿ ಬೇರೆ ಫೋಲ್ಡರಿಗೆ ಹಾಕಿ. ಹೆಸರಿಡುವಾಗ ವರ್ಷ, ತಿಂಗಳು, ದಿನ ಈ ಕ್ರಮದಲ್ಲಿ ಶುರುಮಾಡಿ: ‘1974-05-12_ಅಜ್ಜ-ಅಜ್ಜಿ_ಹಿತ್ತಲು’. ಹಾಗಿದ್ದರೆ ಫೈಲುಗಳು ತಾವಾಗಿಯೇ ಕಾಲಕ್ರಮದಲ್ಲಿ ನಿಲ್ಲುತ್ತವೆ. ದಿನ ಗೊತ್ತಿಲ್ಲದಿದ್ದರೆ ‘1974-00-00’ ಎಂದಿಡಿ. ಪ್ರಶ್ನಾರ್ಥಕ, ನಕ್ಷತ್ರ, ಒಂದರ ಮೇಲೊಂದಿರುವ ಎರಡು ಚುಕ್ಕಿ (:) ಇವನ್ನು ವಿಂಡೋಸ್ ಹೆಸರಿನಲ್ಲಿ ಒಪ್ಪುವುದಿಲ್ಲ. ಹಿರಿಯರನ್ನು ಪಕ್ಕಕ್ಕೆ ಕೂರಿಸಿಕೊಂಡು ಈ ಕೆಲಸ ಮಾಡಿ. ಮುಖಗಳ ಹೆಸರು ಅವರಿಗೆ ಮಾತ್ರ ಗೊತ್ತು.

ಪ್ರಶ್ನೆ: 2038ರಲ್ಲಿ ಕಂಪ್ಯೂಟರುಗಳೆಲ್ಲ ನಿಂತುಹೋಗುತ್ತವೆ ಎಂಬ ಸಂದೇಶ ಓಡಾಡುತ್ತಿದೆ. ನಿಜವೇ?

ಉತ್ತರ: ಎಲ್ಲವೂ ಅಲ್ಲ. ಹಲವು ವ್ಯವಸ್ಥೆಗಳು 1970ರ ಜನವರಿ 1ರಿಂದ ಕಳೆದ ಸೆಕೆಂಡುಗಳನ್ನು ಎಣಿಸಿ ಕಾಲ ಹೇಳುತ್ತವೆ. 32 ಬಿಟ್‌ಗಳಲ್ಲಿ ಎಣಿಸುವವು 2,147,483,647 ದಾಟಲಾರವು. ಆ ಗಡಿ ಮುಟ್ಟುವುದು 2038ರ ಜನವರಿ 19ರಂದು, ಜಾಗತಿಕ ಕಾಲಮಾನ 03:14:07ಕ್ಕೆ. ಮರುಕ್ಷಣ ಎಣಿಕೆ ಹಿಮ್ಮುಖವಾಗಿ 1901ಕ್ಕೆ ಜಿಗಿಯುತ್ತದೆ. ಈಗಿನ 64 ಬಿಟ್ ಮೊಬೈಲು, ಲ್ಯಾಪ್‌ಟಾಪುಗಳಿಗೆ ಸಾಮಾನ್ಯವಾಗಿ ತೊಂದರೆಯಿಲ್ಲ. ಗಮನ ಬೇಕಿರುವುದು ಗೋಡೆಯೊಳಗೆ, ಕಾರ್ಖಾನೆಯೊಳಗೆ ಹುದುಗಿ ಇಪ್ಪತ್ತು ವರ್ಷ ಯಾರೂ ಮುಟ್ಟದ ನಿಯಂತ್ರಕಗಳಿಗೆ.

ಪ್ರಶ್ನೆ: ಖಾತೆಯ ಒಡೆಯರೇ ತೀರಿಕೊಂಡರೆ ಅವರ ಫೋಟೊ, ಮೇಲ್ ಮನೆಯವರಿಗೆ ಸಿಗುತ್ತವೆಯೇ?

ಉತ್ತರ: ಬದುಕಿರುವಾಗಲೇ ವ್ಯವಸ್ಥೆ ಮಾಡಿದ್ದರೆ ಸಿಗುತ್ತವೆ. ಮಾಡಿರದಿದ್ದರೆ ಬಹಳ ಕಷ್ಟ. ಗೂಗಲ್ ಖಾತೆಯ ಸೆಟ್ಟಿಂಗಿನಲ್ಲಿ ‘ಇನ್‌ಆ್ಯಕ್ಟಿವ್ ಅಕೌಂಟ್ ಮ್ಯಾನೇಜರ್’ ತೆರೆದು ಕಾಯುವ ಅವಧಿ ಆರಿಸಿ, 3ರಿಂದ 18 ತಿಂಗಳು. ಹತ್ತು ಜನರವರೆಗೆ ಸೂಚಿಸಬಹುದು, ಯಾರಿಗೆ ಏನು ಸಿಗಬೇಕೆಂದೂ ಹೇಳಬಹುದು. ಎರಡು ವರ್ಷ ಬಳಸದ ವೈಯಕ್ತಿಕ ಖಾತೆಯನ್ನು ಗೂಗಲ್ ಅಳಿಸಬಹುದು ಎಂಬುದು ನೆನಪಿರಲಿ. ಆಪಲ್‌ನಲ್ಲಿ ‘ಲೆಗಸಿ ಕಾಂಟ್ಯಾಕ್ಟ್’ ಇದೆ. ನೀವು ಸೂಚಿಸಿದವರು ಪ್ರವೇಶದ ಕೀಲಿ ಸಂಖ್ಯೆಯನ್ನೂ ಮರಣ ಪ್ರಮಾಣಪತ್ರವನ್ನೂ ಒಪ್ಪಿಸಿದರೆ ಮೂರು ವರ್ಷ ಪ್ರವೇಶ ಸಿಗುತ್ತದೆ. ಉಳಿಸಿಟ್ಟ ಪಾಸ್‌ವರ್ಡುಗಳು ಮಾತ್ರ ಸಿಗುವುದಿಲ್ಲ. ಆದ್ದರಿಂದ ಮುಖ್ಯ ಪಾಸ್‌ವರ್ಡು, ಎರಡು ಹಂತದ ಪರಿಶೀಲನೆಯ ಬ್ಯಾಕಪ್ ಸಂಕೇತಗಳು, ಡಿಸ್ಕಿಗೆ ವಿಂಡೋಸ್‌ನ ಬಿಟ್‌ಲಾಕರ್ ಬೀಗ ಹಾಕಿದ್ದರೆ ಅದರ 48 ಅಂಕಿಯ ಕೀಲಿ, ಇವಿಷ್ಟನ್ನು ಕಾಗದದ ಮೇಲೆ ಬರೆದು ಲಕೋಟೆಗೆ ಹಾಕಿ ಮುಚ್ಚಿ, ಮನೆಯ ದಾಖಲೆಪತ್ರಗಳ ಜೊತೆ ಇಡಿ. ಬ್ಯಾಕಪ್ ಡಿಸ್ಕ್ ಎಲ್ಲಿದೆ ಎಂಬುದನ್ನೂ ಅದೇ ಹಾಳೆಯಲ್ಲಿ ಬರೆಯಿರಿ. ಪಾಸ್‌ವರ್ಡು ಬದಲಿಸಿದ ದಿನವೇ ಹಾಳೆಯನ್ನೂ ಬದಲಿಸಿ.