ಟೇಬಲ್ ಸರಿ, ವೆಜಿಟೇಬಲ್ ಯಾಕೆ ತಪ್ಪು?

ಪ್ರಶ್ನೆ: ಮಗಳು ಕಾಲೇಜಿನ ಸೆಮಿನಾರಿನಲ್ಲಿ ‘ವೆಜಿಟೇಬಲ್’ ಅಂದಿದ್ದಕ್ಕೆ ಜೊತೆಯವರು ನಕ್ಕರಂತೆ. ‘ವೆಜ್‌ಟಬಲ್’ ಅನ್ನಬೇಕಂತೆ. ಟೇಬಲ್‌ಗೆ ಟೇಬಲ್ ಅಂತಲೇ ಹೇಳುತ್ತೇವೆ, ಅದೇ ಸ್ಪೆಲ್ಲಿಂಗ್ ಇಲ್ಲಿ ಯಾಕೆ ಬದಲಾಗುತ್ತದೆ?
— ಓದುಗರು, ಹಾವೇರಿ

ಉತ್ತರ: ನಗುವಂಥದ್ದು ಏನೂ ಇಲ್ಲ ಅಂತ ಮೊದಲು ಮಗಳಿಗೆ ಹೇಳಿ. ಕನ್ನಡದಲ್ಲಿ ಬರೆದದ್ದನ್ನೆಲ್ಲ ಉಚ್ಚರಿಸುತ್ತೇವೆ, ದೀರ್ಘ ಪದದ ಎಲ್ಲೇ ಬರಲಿ ದೀರ್ಘವೇ. ‘ಮಾತಾಡೋಣ’ ಅಂದು ನೋಡಿ. ಮಾ, ತಾ, ಡೋ ಮೂರೂ ಗುರು, ಒಂದಕ್ಕಾಗಿ ಇನ್ನೊಂದು ಕುಗ್ಗುವುದಿಲ್ಲ. ಇಂಗ್ಲಿಷಿನಲ್ಲಿ ಹಾಗಲ್ಲ. ಅಲ್ಲಿ ಪದದ ಒಂದು ಜಾಗದಲ್ಲಿ ಒತ್ತು, ಅಂದರೆ ಸ್ಟ್ರೆಸ್, ಜೋರಾಗಿ ಬೀಳುತ್ತದೆ. ಅಲ್ಲಿನ ಸ್ವರ ಪೂರ್ತಿ ಕೇಳುತ್ತದೆ, ಉಳಿದವು ಎಷ್ಟೋ ಸಲ ನಮ್ಮ ಅ-ಕಾರಕ್ಕೆ ಹತ್ತಿರದ ಒಂದು ಮಂಕು ದನಿಯಾಗಿಬಿಡುತ್ತವೆ, ಕೆಲವು ಸಲ ಪೂರ್ತಿ ಮಾಯವೂ ಆಗುತ್ತವೆ. ಈ ದನಿಗೆ ‘ಷ್ವಾ’ ಅಂತ ಹೆಸರು. ಇಂಗ್ಲಿಷ್ ಮಾತಿನಲ್ಲಿ ಎಲ್ಲಕ್ಕಿಂತ ಜಾಸ್ತಿ ಬರುವ ಸ್ವರ ಇದೇ, ಆದರೆ ಇದಕ್ಕೆ ಅಂತ ಎ-ಬಿ-ಸಿ-ಡಿಯಲ್ಲಿ ಒಂದು ಅಕ್ಷರವೇ ಇಲ್ಲ!

‘ಟೇಬಲ್’ನಲ್ಲಿ ಒತ್ತು ಟೇ ಮೇಲಿದೆ, ಅದಕ್ಕೇ ಅದು ಉಳಿಯಿತು. ‘ವೆಜ್‌ಟಬಲ್’ನಲ್ಲಿ ಒತ್ತು ಮೊದಲ ವೆ ಮೇಲಿದೆ, ಟೇ ಕುಗ್ಗಿ ಟ ಆಯಿತು, ನಡುವಿನ ಜಿ-ಯ ಸ್ವರ ಬಿದ್ದೇಹೋಯಿತು. ‘ಕಂಫರ್ಟೇಬಲ್’ ಕೂಡ ಹೀಗೆಯೇ ‘ಕಂಫ್‌ಟಬಲ್’ ಆಗುವುದು.

ಒತ್ತು ಜಾಗ ಬದಲಿಸಿದರೆ ಇಡೀ ಪದದ ಬಣ್ಣವೇ ಬದಲಾಗುತ್ತದೆ. ‘ಫೋಟಗ್ರಾಫ್’ನಲ್ಲಿ ಫೋ ಗಟ್ಟಿ. ಕ್ಯಾಮೆರಾ ಹಿಡಿದವರು ‘ಫಟಾಗ್ರಫರ್’, ಈಗ ಟಾ ಗಟ್ಟಿ, ಫೋ ಮಂಕು. ‘ಫೋಟಗ್ರ್ಯಾಫಿಕ್’ ಅಂದಾಗ ಒತ್ತು ಗ್ರ್ಯಾ-ಗೆ ಜರುಗಿತು. ಇಲ್ಲೊಂದು ಉಪಯೋಗದ ಸೂತ್ರ ಇದೆ. ಪದ ‘ಷನ್’, ‘ಇಕ್’, ‘ಇಟಿ’ ಅಂತ ಮುಗಿದರೆ ಒತ್ತು ಸಾಮಾನ್ಯವಾಗಿ ಅದರ ಹಿಂದಿನ ಸಿಲಬಲ್ (ಒಂದು ಸ್ವರದ ಸುತ್ತ ಒಟ್ಟಿಗೆ ಉಚ್ಚರಿಸುವ ದನಿಯ ತುಣುಕು) ಮೇಲೆ: ಎಜುಕೇಷನ್‌ನಲ್ಲಿ ಕೇ, ಎಕನಾಮಿಕ್‌ನಲ್ಲಿ ನಾ, ಅಬಿಲಿಟಿಯಲ್ಲಿ ಬಿ. ‘ಪಾಲಿಟಿಕ್ಸ್’ನಂಥ ಕೆಲವು ಈ ಮಾತು ಕೇಳುವುದಿಲ್ಲ, ಇರಲಿ. ಮಗಳು ಬೇರೆ ಯಾರ ಧಾಟಿಯನ್ನೂ ಅನುಕರಿಸಬೇಕಿಲ್ಲ. ಒತ್ತಿನ ಜಾಗ ಸರಿ ಇದ್ದರೆ ಕೇಳುವವರಿಗೆ ಪದ ತಲುಪುತ್ತದೆ, ನನಗಂತೂ ಅದೇ ಮುಖ್ಯ.

ಪ್ರಶ್ನೆ: ವವೆಲ್ಸ್ ಐದು ಅಂತ ಶಾಲೆಯಲ್ಲಿ ಕಲಿತೆವು, ಇಪ್ಪತ್ತು ಅಂತ ಮಗನ ಪುಸ್ತಕದಲ್ಲಿದೆ. ಯಾವುದು ಸರಿ?
— ಓದುಗರು, ತರೀಕೆರೆ

ಉತ್ತರ: ಎರಡೂ ಸರಿ. ಐದು ಅಕ್ಷರದ ಲೆಕ್ಕ, 20 ದನಿಯ ಲೆಕ್ಕ. ಬ್ರಿಟಿಷ್ ಉಚ್ಚಾರಣೆಗೆ ಪಠ್ಯಪುಸ್ತಕಗಳು 12 ಒಂಟಿ ಸ್ವರ, 8 ಜೋಡಿ ಸ್ವರ ಅಂತ ಎಣಿಸುತ್ತವೆ. ಅಮೆರಿಕದಲ್ಲಿ ಇದಕ್ಕಿಂತ ಕಡಿಮೆ. ಅಕ್ಷರಕ್ಕೂ ದನಿಗೂ ಇಷ್ಟು ದೂರ ಆಗಿದ್ದಕ್ಕೆ ಇತಿಹಾಸ ಇದೆ. ಸುಮಾರು 1400ರಿಂದ 1700ರ ನಡುವೆ ಇಂಗ್ಲೆಂಡಿನಲ್ಲಿ ದೀರ್ಘ ಸ್ವರಗಳೆಲ್ಲ ಜಾಗ ಬಿಟ್ಟು ಸರಿದವು. ಅದಕ್ಕೂ ಮೊದಲು ‘ನೇಮ್’ ಅನ್ನುವುದನ್ನು ಹೆಚ್ಚುಕಡಿಮೆ ‘ನಾಮ’ ಅಂತಲೇ ಅನ್ನುತ್ತಿದ್ದರು, ಕೊನೆಯ ಇ ಕೂಡ ಕೇಳುತ್ತಿತ್ತು. ‘ಹೌಸ್’ ಆಗ ‘ಹೂಸ್’. ಈ ನಡುವೆಯೇ, 1476ರಲ್ಲಿ, ವಿಲಿಯಂ ಕ್ಯಾಕ್ಸ್‌ಟನ್ ವೆಸ್ಟ್‌ಮಿನ್‌ಸ್ಟರಿನಲ್ಲಿ ಅಚ್ಚುಕೂಟ ಹಾಕಿದ. ಅಚ್ಚಿನ ಕಾಲದಲ್ಲಿ ಸ್ಪೆಲ್ಲಿಂಗ್ ನಿಧಾನವಾಗಿ ಗಟ್ಟಿಯಾಯಿತು, ನಾಲಿಗೆ ಮಾತ್ರ ಮುಂದೆ ಹೋಯಿತು.

ಪ್ರಶ್ನೆ: ‘ವಾಷೆಡ್’, ‘ಹೆಲ್ಪೆಡ್’ ಅಂತ ನಮ್ಮ ಮಕ್ಕಳು ಓದುತ್ತಾರೆ. ತಿದ್ದುವುದು ಹೇಗೆ?
— ಶಿಕ್ಷಕಿ, ಸಿಂಧನೂರು

ಉತ್ತರ: ಗದ್ದದ ಕೆಳಗೆ ಅಂಗೈ ಇಟ್ಟುಕೊಂಡು ಹೇಳಿಸಿ ಮೇಡಂ. ದವಡೆ ಎಷ್ಟು ಸಲ ಇಳಿಯುತ್ತದೋ ಹೆಚ್ಚುಕಡಿಮೆ ಅಷ್ಟು ಸಿಲಬಲ್. ‘ವಾಷ್ಟ್’, ‘ಹೆಲ್ಪ್ಟ್’ ಒಂದೇ ಸಲ. ಕ್ರಿಯಾಪದ ಟ್ ಅಥವಾ ಡ್ ದನಿಯಲ್ಲಿ ಮುಗಿದಿದ್ದರೆ ಮಾತ್ರ ಒಂದು ಸಿಲಬಲ್ ಜಾಸ್ತಿ: ವಾಂಟಿಡ್, ನೀಡಿಡ್. ನಮ್ಮ ಮಕ್ಕಳಿಗೆ ಇದು ಕಷ್ಟ ಯಾಕೆ ಅಂದರೆ, ಮಾತಿನ ಕೊನೆಗೆ ಸ್ವರ ಇದ್ದರೇ ಕನ್ನಡದ ನಾಲಿಗೆಗೆ ಸಮಾಧಾನ. ಒಂದು ಸಿಲಬಲ್ಲಿನ ‘ಬಸ್’ ನಮ್ಮಲ್ಲಿ ‘ಬಸ್ಸು’ ಆಗಿ ಎರಡಾಗುತ್ತದೆ. ‘ಫಿಲ್ಮ್’ ಕಷ್ಟ ಅಂತ ನಾವು ‘ಫಿಲಂ’ ಅನ್ನುತ್ತೇವೆ, ಐರ್ಲೆಂಡಿನಲ್ಲೂ ಎಷ್ಟೋ ಜನ ಹಾಗೇ ಅನ್ನುತ್ತಾರೆ. ಕನ್ನಡ ಮಾತಾಡುವಾಗ ಬಸ್ಸು ಬಸ್ಸಾಗಿಯೇ ಇರಲಿ, ಅದನ್ನು ದಯವಿಟ್ಟು ತಿದ್ದಬೇಡಿ.

ಪ್ರಶ್ನೆ: ಇಂಗ್ಲಿಷ್ ಉಚ್ಚಾರಣೆಯನ್ನು ಕನ್ನಡದಲ್ಲಿ ಬರೆದುಕೊಂಡು ಕಲಿಯಬಹುದಾ?
— ಓದುಗರು, ಮಂಡ್ಯ

ಉತ್ತರ: ಧಾರಾಳವಾಗಿ. ಗೆಟ್ ಬೇರೆ, ಗೇಟ್ ಬೇರೆ ಅಂತ ತೋರಿಸಲು ನಮಗೆ ಎ, ಏ ಎರಡೂ ಇವೆ, ಹಿಂದಿಯವರಿಗೆ ಆ ಅನುಕೂಲ ಇಲ್ಲ. ಆದರೆ ಒತ್ತು ಬೀಳುವ ಅಕ್ಷರದ ಕೆಳಗೆ ಒಂದು ಗೆರೆ ಎಳೆದುಕೊಳ್ಳಿ, ಇಲ್ಲದಿದ್ದರೆ ಮತ್ತೆ ಎಲ್ಲವನ್ನೂ ಒಂದೇ ಸಮ ಓದಿಬಿಡುತ್ತೀರಿ. ಡಿಕ್ಷನರಿಯಲ್ಲಿ ಇದಕ್ಕೆ ಗುರುತಿದೆ: ಒತ್ತಿನ ಸಿಲಬಲ್ಲಿಗೆ ಮುಂಚೆ, ಮೇಲುಗಡೆ, ಒಂದು ಪುಟ್ಟ ನೆಟ್ಟಗಿನ ಗೆರೆ. ತಲೆಕೆಳಗಾದ ಇ ಕಂಡರೆ ಅದೇ ಷ್ವಾ.