ಶ್ವಾಸಕೋಶಕ್ಕೆ ಹರಡಿದ ಕರುಳಿನ ಕ್ಯಾನ್ಸರ್: ರೋಗಿಯನ್ನು ಹೊರಗಿಟ್ಟು ನಡೆದ ಚಿಕಿತ್ಸೆಯ ಚರ್ಚೆ

(ಗುರುತು ಸಿಗದಂತೆ ವಯಸ್ಸು, ವೃತ್ತಿ, ಸಂಬಂಧಗಳ ವಿವರಗಳನ್ನು ಬದಲಿಸಲಾಗಿದೆ.)

ಸಲಹೆಗಾರ್ತಿಯಾದ ನನ್ನ ಬಳಿ ಬಂದವರು ರೋಗಿಯ ಮಗಳು ಮತ್ತು ಆಕೆಯ ಚಿಕ್ಕಪ್ಪ. ಐವತ್ತು ದಾಟಿದ, ವೃತ್ತಿಯಲ್ಲಿ ದರ್ಜಿಯಾದ ತಂದೆಗೆ ಎರಡು ವರ್ಷಗಳ ಹಿಂದೆ ಗುದನಾಳದ (ದೊಡ್ಡ ಕರುಳಿನ ಕೊನೆಯ ಭಾಗದ) ಕ್ಯಾನ್ಸರಿಗೆ ಶಸ್ತ್ರಚಿಕಿತ್ಸೆಯೂ ನಂತರ ಆಕ್ಸಾಲಿಪ್ಲಾಟಿನ್ ಎಂಬ ಔಷಧಿ ಸೇರಿದ ಕಿಮೋಥೆರಪಿಯೂ ಆಗಿದ್ದವು. ಈಚೆಗೆ ರಕ್ತದಲ್ಲಿ ಸಿ.ಇ.ಎ. (ಈ ಕ್ಯಾನ್ಸರ್ ಮರುಕಳಿಸಿದಾಗ ಹೆಚ್ಚಬಹುದಾದ ಒಂದು ಪ್ರೋಟೀನು) ಪ್ರಮಾಣ ಏರಿದ್ದರಿಂದ ಸಿ.ಟಿ. ಸ್ಕ್ಯಾನ್ ಮಾಡಿಸಲಾಗಿ, ಎರಡೂ ಶ್ವಾಸಕೋಶಗಳಲ್ಲಿ ಸಣ್ಣ ಗಂಟುಗಳು ಕಂಡುಬಂದವು. ಬಯಾಪ್ಸಿಯಲ್ಲಿ ಅದು ಹಳೆಯ ಕಾಯಿಲೆಯೇ ಎಂದು ಖಚಿತವಾಯಿತು. ತಂದೆಗೆ ಮಾತ್ರ ‘ಎದೆಯಲ್ಲಿ ಸ್ವಲ್ಪ ಸೋಂಕು’ ಎಂದು ಹೇಳಲಾಗಿತ್ತು.

ಮಗಳು ಚೀಲದೊಳಗಿಂದ ತೆಗೆದ ವರದಿ ಮಡಿಕೆಗಳಲ್ಲಿ ಹರಿಯುವಷ್ಟು ಸವೆದಿತ್ತು. ‘ಎರಡೂ’ ಎಂದಿದ್ದ ಜಾಗಕ್ಕೆ ಪೆನ್ನಿನಿಂದ ಮತ್ತೆ ಮತ್ತೆ ಗೆರೆ ಎಳೆಯಲಾಗಿತ್ತು. ಚಿಕ್ಕಪ್ಪನವರದು ಒಂದೇ ಪಟ್ಟು: “ಅಣ್ಣನಿಗೆ ತಡಮಾಡದೆ ಆಪರೇಷನ್ ಮಾಡಿಸಿಬಿಡೋಣ.” ಮಗಳದು ಇನ್ನೊಂದು: “ನಾಲ್ಕನೇ ಹಂತ ಅಂದಮೇಲೆ ಅಪ್ಪನಿಗೆ ಮತ್ತೆ ಹಿಂಸೆ ಯಾಕೆ ಮೇಡಂ?” ವಿಷಯವನ್ನು ಮುಚ್ಚಿಡಬೇಕು ಎಂಬುದರಲ್ಲಿ ಮಾತ್ರ ಇಬ್ಬರಿಗೂ ಒಮ್ಮತವಿತ್ತು.

ಅವರ ಗೊಂದಲದ ಮೂಲದಲ್ಲಿ ಒಂದು ತಪ್ಪು ತಿಳಿವಳಿಕೆಯಿತ್ತು. ಬೀಡಿ, ಸಿಗರೇಟು ಮುಟ್ಟದ ಮನುಷ್ಯನಿಗೆ ಶ್ವಾಸಕೋಶದ ಕ್ಯಾನ್ಸರ್ ಹೇಗೆ ಬಂತು ಎಂದು ಅವರು ಕೊರಗುತ್ತಿದ್ದರು. ಇದು ಹೊಸ ಕ್ಯಾನ್ಸರ್ ಅಲ್ಲ; ಶ್ವಾಸಕೋಶದಲ್ಲಿ ನೆಲೆಯೂರಿದ ಕರುಳಿನ ಕ್ಯಾನ್ಸರ್ ಕೋಶಗಳೇ, ಆದ್ದರಿಂದ ಔಷಧಿಯೂ ಕರುಳಿನ ಕ್ಯಾನ್ಸರಿನದೇ ಎಂದು ವಿವರಿಸಿದೆ. ದೊಡ್ಡ ಕರುಳಿನ ರಕ್ತ ಮೊದಲು ಯಕೃತ್ತಿಗೆ ಹೋಗುತ್ತದೆ; ಗುದನಾಳದ ಕೆಳಭಾಗದ ರಕ್ತವಾದರೋ ಯಕೃತ್ತನ್ನು ಹಾಯದೆ ನೇರವಾಗಿ ಹೃದಯ ಸೇರಿ, ಅಲ್ಲಿಂದ ಶ್ವಾಸಕೋಶಕ್ಕೆ ಹರಿಯಬಲ್ಲದು. ಈ ಕಾಯಿಲೆ ಶ್ವಾಸಕೋಶದಲ್ಲೇ ಮೊದಲು ಕಾಣಿಸಿಕೊಳ್ಳಲು ಇದೂ ಒಂದು ಕಾರಣ. ಇಷ್ಟು ತಿಳಿದಮೇಲೆ, ಎಲ್ಲಿ ಎಡವಿದೆವೋ ಎಂಬ ಅಪರಾಧಭಾವ ಇಬ್ಬರಲ್ಲೂ ಗಣನೀಯವಾಗಿ ತಗ್ಗಿತು.

ಆಪರೇಷನ್ನಿನ ವಿಷಯದಲ್ಲಿ ಹೆಚ್ಚು ಹೊತ್ತು ಮಾತನಾಡಬೇಕಾಯಿತು. ಗಂಟುಗಳು ಕೆಲವೇ ಇದ್ದು, ಎಲ್ಲವನ್ನೂ ಪೂರ್ತಿಯಾಗಿ ತೆಗೆಯಲು ಸಾಧ್ಯವಿದ್ದು, ಬೇರೆ ಕಡೆ ಕಾಯಿಲೆ ಹತೋಟಿಯಲ್ಲಿದ್ದು, ಉಳಿಯುವ ಶ್ವಾಸಕೋಶ ಉಸಿರಾಟಕ್ಕೆ ಸಾಕಾಗುವಂತಿದ್ದರೆ ಶಸ್ತ್ರಚಿಕಿತ್ಸೆಯನ್ನು ಪರಿಗಣಿಸುತ್ತಾರೆ. ಎಲ್ಲರಿಗೂ ಅದು ಹೊಂದುವುದಿಲ್ಲ. ಪಲ್ಮಿಕ್ ಎಂಬ ಅಧ್ಯಯನ ಇಂಥ ಶಸ್ತ್ರಚಿಕಿತ್ಸೆಯಿಂದ ಆಯಸ್ಸು ಹೆಚ್ಚುತ್ತದೆಯೇ ಎಂದು ಪರೀಕ್ಷಿಸಲು ಹೊರಟು, ಸಾಕಷ್ಟು ಜನ ಸೇರದೆ ಅರ್ಧದಲ್ಲೇ ನಿಂತಿತು. 2020ರಲ್ಲಿ ಪ್ರಕಟವಾದ 93 ರೋಗಿಗಳ ವಿಶ್ಲೇಷಣೆಯ ಅಂದಾಜಿನಂತೆ, ಐದು ವರ್ಷ ಬದುಕುಳಿದವರು ಶಸ್ತ್ರಚಿಕಿತ್ಸೆಯ ಗುಂಪಿನಲ್ಲಿ ಶೇ. 36ರಷ್ಟು, ಶಸ್ತ್ರಚಿಕಿತ್ಸೆಗೆ ಸೇರಿಸದ ಗುಂಪಿನಲ್ಲಿ ಶೇ. 30ರಷ್ಟು. ಖಚಿತ ತೀರ್ಮಾನಕ್ಕೆ ಈ ಸಂಖ್ಯೆ ಸಾಲದು. ಆದರೆ ಕತ್ತರಿಸಿದರೆ ಬದುಕು, ಇಲ್ಲದಿದ್ದರೆ ಸಾವು ಎಂಬ ಚಿಕ್ಕಪ್ಪನವರ ನಂಬಿಕೆಯನ್ನು ಸಡಿಲಿಸಲು ಇಷ್ಟು ಸಾಕಾಯಿತು. ಆಯ್ದ ರೋಗಿಗಳಲ್ಲಿ ನಿಖರ ಗುರಿಯ ವಿಕಿರಣ ಚಿಕಿತ್ಸೆ, ಸೂಜಿಯ ಮೂಲಕ ಶಾಖ ಹಾಯಿಸಿ ಗಂಟನ್ನು ಸುಡುವ ವಿಧಾನಗಳೂ ಉಂಟು.

ಮಗಳ ಮಾತಿಗೂ ಉತ್ತರ ಬೇಕಿತ್ತು. ನಾಲ್ಕನೇ ಹಂತವೆಂದರೆ ಕಾಯಿಲೆ ಹರಡಿದೆ ಎಂದಷ್ಟೇ ಅರ್ಥ, ಚಿಕಿತ್ಸೆ ಮುಗಿದಿದೆ ಎಂದಲ್ಲ. ಗಡ್ಡೆಯ ತುಣುಕಿನ ಮೇಲೆ ರಾಸ್, ಬ್ರಾಫ್ ಎಂಬ ಜೀನುಗಳ ಹಾಗೂ ಎಂ.ಎಸ್.ಐ. (ಕೋಶಗಳ ಡಿ.ಎನ್.ಎ. ದುರಸ್ತಿಯ ದೋಷವನ್ನು ಸೂಚಿಸುವ ಗುರುತು) ಪರೀಕ್ಷೆಗಳು ಆಗಿವೆಯೇ ಎಂದು ತಜ್ಞರನ್ನು ವಿಚಾರಿಸಲು ತಿಳಿಸಿದೆ. ರಾಸ್ ರೂಪಾಂತರವಿದ್ದರೆ ಸೆಟುಕ್ಸಿಮ್ಯಾಬ್ ಎಂಬ ಔಷಧಿಯಿಂದ ಸಾಮಾನ್ಯವಾಗಿ ಪ್ರಯೋಜನವಿಲ್ಲ, ಎಂ.ಎಸ್.ಐ. ಪ್ರಮಾಣ ಹೆಚ್ಚಿರುವ ಕೆಲವರಲ್ಲಿ ದೇಹದ ರೋಗನಿರೋಧಕ ಶಕ್ತಿಯನ್ನೇ ಬಳಸುವ ಇಮ್ಯುನೋಥೆರಪಿ ಕಿಮೋಥೆರಪಿಗಿಂತ ಹೆಚ್ಚು ಫಲ ನೀಡುತ್ತದೆ.

ಇಷ್ಟಾದರೂ ನಾನು ಒತ್ತಿ ಹೇಳಿದ್ದು ತಂದೆಯ ಬಗ್ಗೆ. ತನಗೆ ಏನಾಗಿದೆ ಎಂದು ತಿಳಿಯದ ವ್ಯಕ್ತಿ ತನಗೆ ಏನು ಬೇಕು ಎಂದು ಹೇಳಲಾರ. ಕುಟುಂಬ ಪ್ರೀತಿಯಿಂದಲೇ ಮುಚ್ಚಿಡುತ್ತದೆ ಎಂಬುದನ್ನು ಒಪ್ಪುತ್ತೇನೆ, ಆದರೆ ಆ ಪ್ರೀತಿ ರೋಗಿಯನ್ನು ಒಂಟಿಯಾಗಿಸುವುದನ್ನು ಈ ಕೆಲಸದಲ್ಲಿ ಬಹಳ ಸಲ ಕಂಡಿದ್ದೇನೆ. ಎಲ್ಲವನ್ನೂ ಒಮ್ಮೆಲೇ ಹೇಳುವುದು ಬೇಡ, “ನಿಮ್ಮ ಕಾಯಿಲೆಯ ಬಗ್ಗೆ ಎಷ್ಟು ತಿಳಿಯಲು ಇಷ್ಟಪಡುತ್ತೀರಿ?” ಎಂದು ಮೊದಲು ಅವರನ್ನೇ ಕೇಳಿ, ಅವರ ಉತ್ತರದಂತೆ ಮುಂದುವರಿಯಿರಿ ಎಂದು ಸಲಹೆ ನೀಡಿದೆ.

ಮುಂದಿನ ಭೇಟಿಗೆ ತಂದೆಯೂ ಬಂದರು. “ಸೋಂಕಾಗಿದ್ದರೆ ಇವಳು ಅಡುಗೆಮನೆಯಲ್ಲಿ ನಿಂತು ಅಳುತ್ತಿದ್ದಳೇನಮ್ಮಾ?” ಎಂದು ನನ್ನನ್ನೇ ಕೇಳಿದರು. ಮಾತಿನುದ್ದಕ್ಕೂ ಬೆರಳ ತುದಿಗಳನ್ನು ಹೆಬ್ಬೆರಳಿಗೆ ಉಜ್ಜುತ್ತಿದ್ದರು. ಹಿಂದಿನ ಕಿಮೋಥೆರಪಿಯ ಜೋಮು ಇನ್ನೂ ಪೂರ್ತಿ ಹೋಗಿರಲಿಲ್ಲ. ಸೂಜಿಗೆ ದಾರ ಪೋಣಿಸಲು ಮೊಮ್ಮಗನನ್ನು ಕರೆಯಬೇಕಾಗುತ್ತಿತ್ತು. ಎಷ್ಟು ದಿನ ಬದುಕುತ್ತೇನೆ ಎಂಬುದಕ್ಕಿಂತ ಕೈ ಉಳಿಯುತ್ತದೆಯೇ ಎಂಬ ಚಿಂತೆ ಅವರಿಗೆ ದೊಡ್ಡದಾಗಿತ್ತು. ಇದನ್ನು ಮನೆಯವರು ತಜ್ಞರಿಗೆ ಹೇಳಿಯೇ ಇರಲಿಲ್ಲ, ಏಕೆಂದರೆ ಈ ಚಿಂತೆ ಮನೆಯವರಿಗೇ ಗೊತ್ತಿರಲಿಲ್ಲ. ಆಕ್ಸಾಲಿಪ್ಲಾಟಿನ್ ನರಗಳಿಗೆ ಹಾನಿ ಮಾಡಬಲ್ಲದು. ಇರಿನೊಟೆಕಾನ್ ಎಂಬ ಇನ್ನೊಂದು ಕಿಮೋಥೆರಪಿ ಔಷಧಿಯಲ್ಲಿ ಆ ತೊಂದರೆ ವಿರಳ, ಆದರೆ ತೀವ್ರ ಭೇದಿಯಾಗುವ ಸಂಭವವಿದೆ. ಈ ಚಿಕಿತ್ಸೆಯ ಉದ್ದೇಶ ಗುಣಪಡಿಸುವುದೋ, ಹತೋಟಿಯಲ್ಲಿಡುವುದೋ, ಹಾಗೂ ಕೈಗೆ ತೊಂದರೆ ಕೊಡದ ದಾರಿ ಇದೆಯೋ ಎಂಬ ಎರಡು ಪ್ರಶ್ನೆಗಳನ್ನು ಅವರೇ ತಮ್ಮ ಕೈಯಿಂದ ಬರೆದುಕೊಂಡು ಹೋದರು.

ಪರೀಕ್ಷೆಯಲ್ಲಿ ರಾಸ್ ರೂಪಾಂತರ ಕಂಡುಬಂದ ಕಾರಣ ತಜ್ಞರ ತಂಡ ಇರಿನೊಟೆಕಾನ್ ಆಧರಿತ ಕಿಮೋಥೆರಪಿಯ ಜೊತೆಗೆ, ಗಡ್ಡೆಗೆ ಹೊಸ ರಕ್ತನಾಳಗಳು ಬೆಳೆಯದಂತೆ ತಡೆಯುವ ಬೆವಾಸಿಜುಮ್ಯಾಬ್ ಔಷಧಿಯನ್ನು ಆರಿಸಿತು. ಗಾಯ ಮಾಯುವುದಕ್ಕೆ ಬೆವಾಸಿಜುಮ್ಯಾಬ್ ಅಡ್ಡಿಯಾಗುವುದರಿಂದ, ಮುಂದೆ ಶಸ್ತ್ರಚಿಕಿತ್ಸೆಯ ಮಾತು ಬಂದರೆ ಅದನ್ನು ಹಲವು ವಾರ ಮೊದಲೇ ನಿಲ್ಲಿಸಬೇಕಾಗುತ್ತದೆ ಎಂಬುದನ್ನು ಚಿಕ್ಕಪ್ಪನವರಿಗೆ ನೆನಪಿಸಿದೆ. ಜ್ವರ 38 ಡಿಗ್ರಿ ಸೆಲ್ಸಿಯಸ್ ಮುಟ್ಟಿದರೆ ಬೆಳಗಾಗಲೆಂದು ಕಾಯದೆ ಆಸ್ಪತ್ರೆಗೆ ಕರೆ ಮಾಡಬೇಕು, ಭೇದಿ ಶುರುವಾದೊಡನೆ ತಿಳಿಸಬೇಕು, ನೋವು ಮತ್ತು ಉಸಿರಾಟದ ಉಪಶಮನ ಚಿಕಿತ್ಸೆಯನ್ನು ಈಗಿನಿಂದಲೇ ಜೊತೆಗಿಟ್ಟುಕೊಳ್ಳಬೇಕು ಎಂಬುದು ಮಗಳಿಗೆ ಕೊಟ್ಟ ಸೂಚನೆ.

ಮೊದಲ ಮರುಪರೀಕ್ಷೆಯ ಸ್ಕ್ಯಾನಿನಲ್ಲಿ ಗಂಟುಗಳು ಕುಗ್ಗಿವೆ. ಉಳಿದವನ್ನು ವಿಕಿರಣದಿಂದ ಗುರಿಯಿಡಬಹುದೇ ಎಂಬ ಚರ್ಚೆ ತಜ್ಞರ ತಂಡದಲ್ಲಿ ನಡೆಯಲಿದ್ದು, ಅಲ್ಲಿನ ಅಭಿಪ್ರಾಯವನ್ನು ತಮ್ಮ ಮುಂದೆಯೇ ಹೇಳಬೇಕೆಂದು ತಂದೆ ಕೇಳಿಕೊಂಡಿದ್ದಾರೆ.