‘ರೋಮಾ’ ಸಿನಿಮಾದ ಟೈಟಲ್ ಕಾರ್ಡ್‌ಗಳಲ್ಲಿ ನಿರ್ದೇಶಕ ಕ್ವಾರೋನ್ ಹೆಸರು ನಾಲ್ಕೈದು ಕಡೆ ಇದೆ, ತಪ್ಪಾಗಿದೆಯಾ? – ಉತ್ತರ

ತಪ್ಪೇನಿಲ್ಲ. ‘ರೋಮಾ’ (2018) ಬರೆದು, ನಿರ್ದೇಶಿಸಿ, ಕ್ಯಾಮೆರಾ ಹಿಡಿದದ್ದು ಅಲ್ಫಾನ್ಸೊ ಕ್ವಾರೋನ್ ಒಬ್ಬರೇ. ನಿರ್ಮಾಣ, ಸಂಕಲನದಲ್ಲೂ ಪಾಲಿದೆ. ಖಾಯಂ ಛಾಯಾಗ್ರಾಹಕ ಲುಬೆಜ್ಕಿಯ ಡೇಟ್ಸ್ ಹೊಂದಲಿಲ್ಲ, ಅದಕ್ಕೇ ತಾವೇ ಕ್ಯಾಮೆರಾಗೆ ಇಳಿದರು. ಸುಮ್ನೆ ಅಲ್ಲ, ಅದಕ್ಕೂ ಆಸ್ಕರ್ ಬಂತು!

ಕ್ವಾರೋನ್ ಅವರ ಒಂದೊಂದು ಕೆಲಸ ಗುರುತಿಸಬೇಕು ಅಂದರೆ, ಮೊದಲು ‘ಇ ತು ಮಾಮಾ ತಂಬಿಯೆನ್’ (2001) ನೋಡಿ. ಸಹೋದರ ಕಾರ್ಲೋಸ್ ಜೊತೆ ಬರೆದದ್ದು. ಆಮೇಲೆ ‘ಗ್ರಾವಿಟಿ’ (2013). ಸಂಕಲನ ಮಾರ್ಕ್ ಸ್ಯಾಂಗರ್ ಜೊತೆ. ಯಾವ ಕಟ್ ಯಾರದು ಅಂತ ನೋಡಿ ಹೇಳುವುದು ಕಷ್ಟ. ಕೊನೆಗೆ ‘ರೋಮಾ’. ಶುರುವಿನಲ್ಲೇ ಮೊಬೈಲ್ ಪಕ್ಕಕ್ಕಿಡಿ. ನೆಲದ ಟೈಲ್ಸ್ ಮೇಲೆ ಸೋಪಿನ ನೀರು ಹರಿಯುತ್ತದೆ. ಆ ನೀರಲ್ಲೇ ಆಕಾಶ ಕಾಣುತ್ತದೆ, ಒಂದು ವಿಮಾನ ದಾಟಿ ಹೋಗುತ್ತದೆ. ಅಲ್ಲಿಂದ ಕ್ಯಾಮೆರಾವನ್ನೇ ಗಮನಿಸುತ್ತಾ ಹೋಗಿ.